ಅರ್ಧಗಂಟೆಯಲ್ಲಿ ಒಬ್ಬ ನಿರ್ದೇಶಕ: ಟಿವಿಗೆ ವ್ಯಕ್ತಿಚಿತ್ರ ಮಾಡುವ ಬಗೆ

ಟಿವಿಯ ಅರ್ಧಗಂಟೆಯಲ್ಲಿ ಜಾಹೀರಾತು ಕಳೆದರೆ ಕೈಗೆ ಉಳಿಯುವುದು ಸುಮಾರು 22 ನಿಮಿಷ. ಹುಟ್ಟಿನಿಂದ ಕೊನೆಯವರೆಗೆ ಎಲ್ಲವನ್ನೂ ತುರುಕಿದರೆ ಬರೀ ಸಿನಿಮಾಗಳ ಪಟ್ಟಿಯಾಗುತ್ತದೆ. ಒಂದು ಚಿತ್ರವನ್ನು ಗೂಟದಂತೆ ನೆಟ್ಟು, ಉಳಿದದ್ದನ್ನು ಅದಕ್ಕೆ ಕಟ್ಟಿ. ಪುಟ್ಟಣ್ಣ ಕಣಗಾಲರಿಗಾದರೆ 1972ರ ‘ನಾಗರಹಾವು’ ಸಾಕು. ಪಿರಿಯಾಪಟ್ಟಣ ತಾಲ್ಲೂಕಿನ ಕಣಗಾಲಿನ ನಿರ್ದೇಶಕರು, ಮೈಸೂರಿನಲ್ಲಿ ಹುಟ್ಟಿದ ವಿಷ್ಣುವರ್ಧನ್, ಮದ್ದೂರು ತಾಲ್ಲೂಕಿನ ದೊಡ್ಡರಸಿನಕೆರೆಯ ಅಂಬರೀಶ್ ಮೂವರೂ ಅಲ್ಲೇ ಸಿಗುತ್ತಾರೆ. ಕಥೆ ನಡೆಯುವುದು ಮಾತ್ರ ಚಿತ್ರದುರ್ಗದಲ್ಲಿ. ಖರ್ಚು ಉಳಿಸಲು ಚಾಮುಂಡಿ ಬೆಟ್ಟದ ಬಂಡೆ ತೋರಿಸಿದರೆ ನೋಡುಗರು ಕೂಡಲೇ ಹಿಡಿಯುತ್ತಾರೆ.

ದೊಡ್ಡ ಹೆಸರಿನವರ ಹೊಗಳಿಕೆ ಎಲ್ಲರ ಬಾಯಲ್ಲೂ ಒಂದೇ. ಸಹಾಯಕ ನಿರ್ದೇಶಕರು, ಮೇಕಪ್‌ನವರು, ಲೈಟ್ ಹಿಡಿದವರು, ಮೈಸೂರಿನ ಪ್ರೀಮಿಯರ್ ಸ್ಟುಡಿಯೋದಲ್ಲಿ ದುಡಿದ ಹಿರಿಯರು ಸಿಕ್ಕರೆ ಬಿಡಬೇಡಿ. ‘ಅವರು ಹೇಗಿದ್ರು?’ ಅಂದರೆ ‘ದೇವರಂಥೋರು’ ಅಂತ ಮುಗಿಸುತ್ತಾರೆ. ‘ಟೇಕ್ ಸರಿಬರದಿದ್ರೆ ಏನ್ ಮಾಡ್ತಿದ್ರು, ಯಜಮಾನ್ರೆ?’ ಎಂದು ಕೇಳಿ. ಎಡಿಟಿಂಗ್‌ನಲ್ಲಿ ನಿಮ್ಮ ದನಿ ಹೋಗುತ್ತದೆ. ಆದ್ದರಿಂದ ಉತ್ತರವನ್ನು ನಿರ್ದೇಶಕರ ಹೆಸರಿನಿಂದಲೇ ಶುರುಮಾಡಲು ಮೊದಲೇ ಹೇಳಿಡಿ; ‘ಹೂಂ, ಹಾಗೇ ಮಾಡೋರು’ ಎಂಬ ತುಂಡು ಯಾವುದಕ್ಕೂ ಬಾರದು.

ಕೆಡುವುದು ಹೆಚ್ಚಾಗಿ ಚಿತ್ರವಲ್ಲ, ಶಬ್ದ. ಕಾಲರ್ ಮೈಕು ಗಲ್ಲದಿಂದ ಒಂದು ಗೇಣು ಕೆಳಗಿರಲಿ. ಶಲ್ಯವೋ ರೇಷ್ಮೆ ಸೆರಗೋ ಉಜ್ಜಿದರೆ ಸರಸರ ಸದ್ದು ಬರುತ್ತದೆ, ಅದನ್ನು ಆಮೇಲೆ ತೆಗೆಯಲಾಗದು. ತಂತಿಯನ್ನು ಸಣ್ಣ ಸುರುಳಿ ಸುತ್ತಿ ಬಟ್ಟೆಯೊಳಗೆ ಟೇಪ್ ಹಾಕಿ. ಫ್ಯಾನು, ಫ್ರಿಡ್ಜು ನಿಲ್ಲಿಸಿ. ನಿಮ್ಮ ಗಾಡಿ ಕೀಲಿಯನ್ನು ಫ್ರಿಡ್ಜಿನೊಳಗೇ ಇಟ್ಟರೆ ಹೊರಡುವಾಗ ಮತ್ತೆ ಚಾಲೂ ಮಾಡುವುದು ಮರೆಯದು. ಮಾತು ಮುಗಿದ ಮೇಲೆ ಎಲ್ಲರೂ 30 ಸೆಕೆಂಡು ಸುಮ್ಮನಿದ್ದು ಕೋಣೆಯ ಮೌನವನ್ನೂ ರೆಕಾರ್ಡ್ ಮಾಡಿ, ಕತ್ತರಿಸಿದ ಜಾಗಗಳನ್ನು ಅದರಿಂದಲೇ ಮುಚ್ಚಬೇಕು. ಮಂಡ್ಯದಲ್ಲಿ ಕಬ್ಬಿನ ಟ್ರ್ಯಾಕ್ಟರ್ ಓಡಾಡುವ ಕಾಲವಾದರೆ ಬೆಳಗಿನ ಜಾವವೇ ವಾಸಿ. ಹಳೆಯ ತೊಟ್ಟಿ ಮನೆ ಸಿಕ್ಕರೆ ಜಗುಲಿಯಲ್ಲಿ, ಅಂಗಳದ ಬೆಳಕು ಒಂದು ಕೆನ್ನೆಗೆ ಬೀಳುವಂತೆ ಕೂರಿಸಿ.

ಗೋಡೆಯ ಫೋಟೋಗಳನ್ನು ಗಾಜು ತೆಗೆಸಿಯೇ ಶೂಟ್ ಮಾಡಿ, ಇಲ್ಲವಾದರೆ ಕ್ಯಾಮೆರಾವೇ ಅದರಲ್ಲಿ ಕಾಣುತ್ತದೆ.

ಇಸವಿಗಳನ್ನು ನೆನಪಿನ ಮೇಲೆ ಬಿಡಬೇಡಿ. ವಿಷ್ಣುವರ್ಧನ್ ಅವರ ಮೊದಲ ಚಿತ್ರ ‘ನಾಗರಹಾವು’ ಎಂದು ಹಲವರು ಖಚಿತವಾಗಿ ಹೇಳುತ್ತಾರೆ. ನಾಯಕನಾಗಿ ಅದು ಮೊದಲು, ಅದಕ್ಕೂ ಮುಂಚೆ ‘ವಂಶವೃಕ್ಷ’ದಲ್ಲಿ ಅವರಿದ್ದಾರೆ. ಅಂಥ ಮಾತು ಬಂದರೆ ನಿರೂಪಣೆಯಲ್ಲಿ ತಿದ್ದಿ, ಹಿರಿಯರನ್ನು ಕ್ಯಾಮೆರಾ ಮುಂದೆ ಮುಜುಗರಪಡಿಸಬೇಡಿ.

ಚಿತ್ರದ ತುಣುಕಿಗೆ ಹಕ್ಕುದಾರರ ಒಪ್ಪಿಗೆ ಬರಹದಲ್ಲಿರಲಿ. ಹಾಡಿನ ಹಕ್ಕು ಬಹುಪಾಲು ಬೇರೆ ಕಂಪನಿಯದ್ದಾಗಿರುತ್ತದೆ. ಎಡಿಟಿಂಗ್ ಶುರುಮಾಡುವ ಮೊದಲೇ ಕೇಳಿ. ಸಿಗದಿದ್ದರೆ ಆ ಜಾಗಕ್ಕೆ ಸ್ಥಿರಚಿತ್ರ, ಅದರ ಮೇಲೆ ಲೈಟ್ ಹಿಡಿದವರ ಮಾತು.