ಪ್ರಾಧ್ಯಾಪಕರ ನೇಮಕಾತಿ: ಅಧಿಸೂಚನೆಯ ಕೋಷ್ಟಕ ಓದುವುದು ಹೇಗೆ?

ಸರ್ಕಾರಿ ಪ್ರಥಮ ದರ್ಜೆ ಕಾಲೇಜುಗಳ ಸಹಾಯಕ ಪ್ರಾಧ್ಯಾಪಕರ ಹುದ್ದೆಗೆ ಅರ್ಜಿ ಕರೆದಾಗ ಎಲ್ಲರ ಕಣ್ಣು ಹೋಗುವುದು ಎರಡೇ ಕಡೆ: ಒಟ್ಟು ಹುದ್ದೆ ಎಷ್ಟು, ಕೊನೆಯ ದಿನ ಯಾವಾಗ. ನಡುವೆ ಸಣ್ಣಕ್ಷರದ ಒಂದು ಕೋಷ್ಟಕ ಇರುತ್ತದೆ. ಅದನ್ನು ಸುಮ್ನೆ ದಾಟಿಬಿಡುತ್ತೇವೆ. 2021ರಲ್ಲಿ 1,242 ಹುದ್ದೆಗಳಿಗೆ ಅಧಿಸೂಚನೆ ಬಂದಾಗ ನನ್ನನ್ನು ಕೇಳಲು ಬಂದ ಹಳೆಯ ವಿದ್ಯಾರ್ಥಿಗಳಲ್ಲಿ ಹೆಚ್ಚಿನವರು ಆ ಪುಟ ತೆರೆದೇ ಇರಲಿಲ್ಲ. ನಿಮ್ಮ ಪಾಲಿನ ನ್ಯಾಯ ಇರುವುದು ಅದೇ ಪುಟದಲ್ಲಿ.

ಮೊದಲು ಅರ್ಹತೆ

ವಿಶ್ವವಿದ್ಯಾಲಯ ಅನುದಾನ ಆಯೋಗದ (ಯುಜಿಸಿ) 2018ರ ನಿಯಮದಂತೆ ಸ್ನಾತಕೋತ್ತರ ಪದವಿಯಲ್ಲಿ ಶೇ 55 ಅಂಕ ಬೇಕು, ಜೊತೆಗೆ ರಾಷ್ಟ್ರಮಟ್ಟದ ಅರ್ಹತಾ ಪರೀಕ್ಷೆ ನೆಟ್ ಅಥವಾ ರಾಜ್ಯದ ಕೆಸೆಟ್ ಪಾಸಾಗಿರಬೇಕು. ಎಸ್‌ಸಿ, ಎಸ್‌ಟಿ, ಕೆನೆಪದರಕ್ಕೆ ಸೇರದ ಹಿಂದುಳಿದ ವರ್ಗದವರು ಮತ್ತು ಅಂಗವಿಕಲರಿಗೆ ಶೇ 50 ಸಾಕು. ಪಿಎಚ್‌ಡಿ ಇಲ್ಲ ಎಂದು ಅರ್ಜಿಯನ್ನೇ ಹಾಕದೆ ಕೂರುವವರಿದ್ದಾರೆ. ದಯವಿಟ್ಟು ಹಾಗೆ ಮಾಡಬೇಡಿ. 2023ರ ಜುಲೈನಿಂದ ವಿಶ್ವವಿದ್ಯಾಲಯಗಳ ಸಹಾಯಕ ಪ್ರಾಧ್ಯಾಪಕ ಹುದ್ದೆಗೂ ಅದು ಕಡ್ಡಾಯ ಅಲ್ಲ.

ಆಮೇಲೆ ಕೋಷ್ಟಕ

ನಿಮ್ಮ ವಿಷಯದ ಸಾಲು ಹುಡುಕಿ, ಅದರ ಮೇಲೆ ಒಂದು ಸ್ಕೇಲ್ ಇಟ್ಟುಕೊಂಡು ಓದಿ. ಮೇಲಿಂದ ಕೆಳಗೆ ಬರುವುದು ಜಾತಿ, ವರ್ಗದ ಹಂಚಿಕೆ. ಹಿಂದುಳಿದ ವರ್ಗಗಳ ಶೇ 32ರಲ್ಲಿ ಪ್ರವರ್ಗ-1ಕ್ಕೆ 4, 2ಎಗೆ 15, 2ಬಿಗೆ 4, 3ಎಗೆ 4, 3ಬಿಗೆ 5. ಈ ಪ್ರತಿ ವರ್ಗದ ಒಳಗೇ ಮಹಿಳೆ, ಗ್ರಾಮೀಣ, ಕನ್ನಡ ಮಾಧ್ಯಮ, ಅಂಗವಿಕಲ, ತೃತೀಯ ಲಿಂಗಿ ಎಂದು ಅಡ್ಡಕ್ಕೆ ಹಂಚಿರುತ್ತಾರೆ. ಇದಕ್ಕೆ ಸಮತಳ ಮೀಸಲಾತಿ ಎನ್ನುತ್ತಾರೆ. ಬೀದರ್, ಕಲಬುರಗಿ, ಯಾದಗಿರಿ, ರಾಯಚೂರು, ಕೊಪ್ಪಳ, ಬಳ್ಳಾರಿ, ವಿಜಯನಗರ ಜಿಲ್ಲೆಯವರಿಗೆ ಸಂವಿಧಾನದ 371ಜೆ ವಿಧಿಯಡಿ ಬೇರೆಯೇ ಕೋಷ್ಟಕ ಉಂಟು.

ಜಾಸ್ತಿ ಜನ ಎಡವುವುದು ‘ಸಾಮಾನ್ಯ ಅರ್ಹತೆ’ ಅಂದರೆ ಜಿಎಂ ಎಂಬ ಕಾಲಂನಲ್ಲಿ. ಅದು ಮೀಸಲಾತಿ ಇಲ್ಲದವರ ಕೋಟಾ ಎಂದು ಎಷ್ಟೋ ಜನ ತಿಳಿದಿದ್ದಾರೆ. ಖಂಡಿತ ಅಲ್ಲ. ಅದು ಎಲ್ಲರಿಗೂ ಸೇರಿದ್ದು.

ಒಂದು ಲೆಕ್ಕ ಹಾಕಿ ನೋಡೋಣ. ಅರ್ಥಶಾಸ್ತ್ರದಲ್ಲಿ ಐದು ಜಿಎಂ ಹುದ್ದೆ, ಅದರಲ್ಲಿ ಎರಡು ಮಹಿಳೆಯರಿಗೆ ಎಂದುಕೊಳ್ಳಿ. ಜಾತಿ ನೋಡದೆ ಅಂಕದ ಮೇಲೆ ಮೊದಲ ಐವರನ್ನು ಬರೆಯಿರಿ: 291, 288, 280, 277, 274. ಇವರಲ್ಲಿ 280 ಬಂದವರು ಮಾತ್ರ ಮಹಿಳೆ. ಇನ್ನೊಬ್ಬ ಮಹಿಳೆ ಬರಬೇಕು, ಹಾಗಾಗಿ 274ರವರು ಜಿಎಂ ಪಟ್ಟಿಯಿಂದ ಕೆಳಗಿಳಿಯುತ್ತಾರೆ. ಉಳಿದ ಮಹಿಳೆಯರಲ್ಲಿ ಹೆಚ್ಚು ಅಂಕ ಪಡೆದವರು 2ಎಗೆ ಸೇರಿದವರು, 262. ಮೀಸಲಾತಿ ಇಲ್ಲದ ಇನ್ನೊಬ್ಬರಿಗೆ 255. ಹುದ್ದೆ ಯಾರಿಗೆ?

262ರವರಿಗೇ. ಸೌರವ್ ಯಾದವ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2020ರ ಡಿಸೆಂಬರ್‌ನಲ್ಲಿ ಇದನ್ನು ಸ್ಪಷ್ಟವಾಗಿ ಹೇಳಿದೆ. ಅವರು ಜಿಎಂ ಮಹಿಳೆಯಾಗಿ ಆಯ್ಕೆಯಾದರೆ 2ಎ ಹುದ್ದೆ ಅದೇ ವರ್ಗದ ಮತ್ತೊಬ್ಬರಿಗೆ ಉಳಿಯುತ್ತದೆ. ಈ ಒಂದು ಸಾಲು ತಪ್ಪಿದರೆ ಎರಡು ಮನೆಗೆ ಅನ್ಯಾಯ ಆಗುತ್ತದೆ, ಅಲ್ವಾ? ಹೀಗಾಗಿ ಆಯ್ಕೆ ಪಟ್ಟಿ ಬಂದಾಗ ನಿಮ್ಮ ವರ್ಗದ ಕಟ್ ಆಫ್ ಜೊತೆಗೆ ಜಿಎಂ ಕಟ್ ಆಫ್ ಕೂಡ ನೋಡಿ. ವಯಸ್ಸು ಅಥವಾ ಅಂಕದ ಸಡಿಲಿಕೆ ಪಡೆದವರು ಜಿಎಂಗೆ ಬರಬಹುದೇ ಎಂಬ ಷರತ್ತನ್ನು ಅಧಿಸೂಚನೆಯಲ್ಲೇ ಓದಿಕೊಳ್ಳಿ.

ಪ್ರಮಾಣಪತ್ರ

ಒಬ್ಬ ಹುಡುಗಿ ಗ್ರಾಮೀಣ ಅಭ್ಯರ್ಥಿ ಪ್ರಮಾಣಪತ್ರ ತಂದು ತೋರಿಸಿದಳು. ಒಂದರಿಂದ ಹತ್ತನೇ ತರಗತಿವರೆಗೆ ಹಳ್ಳಿಯಲ್ಲೇ ಓದಿದವಳು. ಮುಖ್ಯೋಪಾಧ್ಯಾಯರ ಸಹಿ ಇತ್ತು, ನೇರಳೆ ಬಣ್ಣದ ಸೀಲೂ ಇತ್ತು. ಕೆಳಗೆ ಕ್ಷೇತ್ರ ಶಿಕ್ಷಣಾಧಿಕಾರಿ ಮೇಲುಸಹಿ ಹಾಕಬೇಕಾದ ಜಾಗ ಮಾತ್ರ ಖಾಲಿ. ಕೊನೆಯ ದಿನಕ್ಕೆ ಎರಡೇ ದಿನ. ಬೆಳಗಿನ ಮೊದಲ ಬಸ್ಸಿಗೆ ಕೂತು ತಾಲ್ಲೂಕು ಕೇಂದ್ರಕ್ಕೆ ಹೋಗಿ ಹಾಕಿಸಿಕೊಂಡು ಬಂದಳು. ಆ ಖಾಲಿ ಜಾಗ ಪರಿಶೀಲನೆಯ ಮೇಜಿನ ಮೇಲೆ ಕಂಡಿದ್ದರೆ ಅವಳ ಇಷ್ಟು ವರ್ಷದ ಓದು ಲೆಕ್ಕಕ್ಕೇ ಬರುತ್ತಿರಲಿಲ್ಲ. ಸಹಿ, ಸೀಲು, ದಿನಾಂಕ ಮೂರನ್ನೂ ಅರ್ಜಿಗೆ ಮುಂಚೆಯೇ ನೋಡಿ.

ನಿಯಮ ನಡುವೆ ಬದಲಾದರೆ

ಅಧಿಸೂಚನೆಯ ಪಿಡಿಎಫ್ ಅನ್ನು ಮೊದಲ ದಿನವೇ ಉಳಿಸಿಕೊಳ್ಳಿ. ಆಮೇಲೆ ಬರುವ ಪ್ರತಿ ತಿದ್ದುಪಡಿಯನ್ನೂ ಅದರ ಪಕ್ಕ ಇಡಿ. ನೇಮಕಾತಿ ಶುರುವಾದ ಮೇಲೆ ಅರ್ಹತೆಯ ನಿಯಮ ಬದಲಿಸುವ ಹಾಗಿಲ್ಲ ಎಂದು ಸುಪ್ರೀಂ ಕೋರ್ಟ್‌ನ ಐವರು ನ್ಯಾಯಮೂರ್ತಿಗಳ ಪೀಠ 2024ರ ನವೆಂಬರ್‌ನಲ್ಲಿ ಹೇಳಿದೆ. ಇರುವ ನಿಯಮ ಅಥವಾ ಅಧಿಸೂಚನೆಯೇ ಅದಕ್ಕೆ ಅವಕಾಶ ಕೊಟ್ಟಿದ್ದರೆ ಮಾತು ಬೇರೆ.

ಅನುಮಾನ ಬಂದರೆ

ಕೀ ಉತ್ತರಕ್ಕೂ ತಾತ್ಕಾಲಿಕ ಪಟ್ಟಿಗೂ ಆಕ್ಷೇಪಣೆ ಹಾಕಲು ಕೆಲವೇ ದಿನ ಕೊಡುತ್ತಾರೆ. ಬರೀ ‘ತಪ್ಪಾಗಿದೆ’ ಎಂದು ಬರೆಯಬೇಡಿ, ಪುಸ್ತಕದ ಪುಟ ಲಗತ್ತಿಸಿ. ಮಾಹಿತಿ ಬೇಕಿದ್ದರೆ ಮಾಹಿತಿ ಹಕ್ಕು ಕಾಯ್ದೆಯಡಿ (ಆರ್‌ಟಿಐ) ಅರ್ಜಿ, ಶುಲ್ಕ 10 ರೂಪಾಯಿ. ನಮ್ಮ ರಾಜ್ಯದಲ್ಲಿ ಒಂದು ಅರ್ಜಿಗೆ ಒಂದೇ ವಿಷಯ, 150 ಪದದ ಮಿತಿ. ಹೀಗೆ ಕೇಳಿ: ‘ಈ ವಿಷಯದಲ್ಲಿ ಪ್ರತಿ ವರ್ಗದಡಿ ಕೊನೆಯದಾಗಿ ಆಯ್ಕೆಯಾದವರ ಅಂಕ ಎಷ್ಟು?’ 30 ದಿನದಲ್ಲಿ ಉತ್ತರ ಬರಬೇಕು. ಬರದಿದ್ದರೆ ಮೊದಲ ಮೇಲ್ಮನವಿ ಹಾಕಿ.

ಆಕ್ಷೇಪಣೆ ಹಾಕಿದರೂ ಆಯ್ಕೆಯಲ್ಲಿನ ತಪ್ಪು ಸರಿಯಾಗದಿದ್ದರೆ ನೇರವಾಗಿ ಹೈಕೋರ್ಟ್‌ಗೆ ಹೋಗುವಂತಿಲ್ಲ. ಮೊದಲು ಹೋಗಬೇಕಾದದ್ದು ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ. ಬೆಂಗಳೂರು, ಬೆಳಗಾವಿ, ಕಲಬುರಗಿಯಲ್ಲಿ ಪೀಠಗಳಿವೆ. ಸಾಮಾನ್ಯವಾಗಿ ಒಂದು ವರ್ಷದ ಗಡುವು ಇದ್ದರೂ ನೇಮಕಾತಿ ಆದೇಶ ಹೊರಡುವ ಮೊದಲೇ ಹೋಗುವುದು ಒಳ್ಳೆಯದು. ಆಕ್ಷೇಪಣೆ ಕಳಿಸಿದ ಸ್ವೀಕೃತಿಯನ್ನು ಮಾತ್ರ ಜೋಪಾನವಾಗಿ ಇಟ್ಟುಕೊಳ್ಳಿ. ವಕೀಲರು ಮೊದಲು ಕೇಳುವುದು ಅದನ್ನೇ.