50 ಲಕ್ಷದ ಗೃಹಸಾಲ ಕೊನೆಗೆ ಎಷ್ಟಕ್ಕೆ ಬೀಳುತ್ತದೆ? ಲೆಕ್ಕ ಹಾಕುವ ಬಗೆ

ಗೃಹಸಾಲಕ್ಕೆ ಬ್ಯಾಂಕಿಗೆ ಹೋದರೆ ಮಾತು ಶುರುವಾಗುವುದೇ ‘ತಿಂಗಳಿಗೆ ಎಷ್ಟು ಕಟ್ಟಬಲ್ಲಿರಿ?’ ಎಂಬಲ್ಲಿಂದ. ಆ ಪ್ರಶ್ನೆ ಬ್ಯಾಂಕಿನ ಅನುಕೂಲದ್ದು. ನೀವು ಕೇಳಿಕೊಳ್ಳಬೇಕಾದ್ದು ಬೇರೆ: ಸಾಲ ತೀರುವ ಹೊತ್ತಿಗೆ ಒಟ್ಟು ಎಷ್ಟು ಹೋಗಿರುತ್ತದೆ, ಅದರಲ್ಲಿ ಎಷ್ಟನ್ನು ಉಳಿಸಿಕೊಳ್ಳಬಹುದಿತ್ತು? ಕಂತಿನ ಮೊತ್ತ ನೋಡಿದರೆ ಇದಕ್ಕೆ ಉತ್ತರ ಸಿಗುವುದಿಲ್ಲ. ಬಾಕಿ ಅಸಲು ಎಷ್ಟಿದೆ, ಉಳಿದ ಕಂತುಗಳು ಎಷ್ಟು ಎಂಬ ಎರಡು ಅಂಕಿಗಳ ಮೇಲೆ ಕಣ್ಣಿಡಬೇಕು.

ಲೆಕ್ಕಕ್ಕೆ ಒಂದು ಉದಾಹರಣೆ ಇಟ್ಟುಕೊಳ್ಳೋಣ. ಬೆಂಗಳೂರಿನಲ್ಲಿ 65 ಲಕ್ಷದ ಸಿದ್ಧ ಫ್ಲಾಟ್, 50 ಲಕ್ಷ ಸಾಲ, 8.5% ಬಡ್ಡಿ, 20 ವರ್ಷ. ನಿಮ್ಮ ದರ ಇದಕ್ಕಿಂತ ಮೇಲೋ ಕೆಳಗೋ ಇದ್ದೀತು, ದಾರಿ ಮಾತ್ರ ಇದೇ.

ಮೊದಲ ಕಂತನ್ನು ಬಿಡಿಸಿ ನೋಡಿ

ಈ ಸಾಲಕ್ಕೆ ಕಂತು ತಿಂಗಳಿಗೆ 43,391 ರೂಪಾಯಿ. ಮೊದಲ ತಿಂಗಳ ಬಡ್ಡಿ ಎಂದರೆ 50 ಲಕ್ಷಕ್ಕೆ 8.5%, ಅದನ್ನು 12ರಿಂದ ಭಾಗಿಸಿದರೆ 35,417. ಉಳಿದ 7,974 ರೂಪಾಯಿ ಮಾತ್ರ ಅಸಲಿಗೆ ಹೋಗುತ್ತದೆ. ಮುಂದಿನ ತಿಂಗಳು ಅಷ್ಟು ಕಡಿಮೆ ಅಸಲಿನ ಮೇಲೆ ಬಡ್ಡಿ ಬೀಳುವುದರಿಂದ ಅಸಲಿನ ಪಾಲು ಐವತ್ತಾರು ರೂಪಾಯಿ ಹೆಚ್ಚುತ್ತದೆ. ಇದು ಹೀಗೇ ಆಮೆ ನಡಿಗೆಯಲ್ಲಿ ಸಾಗುತ್ತದೆ.

ಐದು ವರ್ಷ ತಪ್ಪದೆ ಕಟ್ಟಿದರೆ ನಿಮ್ಮ ಕೈಯಿಂದ 26 ಲಕ್ಷ ಹೋಗಿರುತ್ತದೆ. ಬಾಕಿ ಆಗಲೂ 44.06 ಲಕ್ಷ. ಅಂದರೆ ಸಾಲ ಇಳಿದದ್ದು ಆರು ಲಕ್ಷಕ್ಕೂ ಕಡಿಮೆ, ಬಡ್ಡಿಗೆ ಹೋದದ್ದು 20 ಲಕ್ಷ. ಸಾಲ ಅರ್ಧಕ್ಕೆ ಇಳಿಯುವುದು ಹತ್ತನೇ ವರ್ಷದಲ್ಲಲ್ಲ, 13 ವರ್ಷ 10 ತಿಂಗಳಿಗೆ. ಇದರಲ್ಲಿ ಬ್ಯಾಂಕಿನ ಮೋಸ ಏನೂ ಇಲ್ಲ. ಇಳಿಕೆ ಬಾಕಿಯ ಮೇಲಿನ, ಅಂದರೆ ತಿಂಗಳು ತಿಂಗಳು ಉಳಿದ ಅಸಲಿನ ಮೇಲೆ ಮಾತ್ರ ಹಾಕುವ ಬಡ್ಡಿಯ ಗಣಿತವೇ ಹೀಗೆ. 20 ವರ್ಷಕ್ಕೆ ಕಟ್ಟಿದ ಒಟ್ಟು ಮೊತ್ತ 1.04 ಕೋಟಿ, ಅದರಲ್ಲಿ ಬಡ್ಡಿ 54.14 ಲಕ್ಷ.

ಈ ಪಟ್ಟಿಯನ್ನು ನೀವೇ ಸ್ಪ್ರೆಡ್‌ಶೀಟಿನಲ್ಲಿ ಮಾಡಿಕೊಳ್ಳಿ, ಹತ್ತು ನಿಮಿಷದ ಕೆಲಸ. ಕಂತಿಗೆ ಪಿಎಂಟಿ ಎಂಬ ಫಾರ್ಮುಲಾ ಇದೆ: ವಾರ್ಷಿಕ ದರವನ್ನು 12ರಿಂದ ಭಾಗಿಸಿ ಕೊಡಿ, ತಿಂಗಳ ಸಂಖ್ಯೆ 240, ಸಾಲದ ಮೊತ್ತವನ್ನು ಮೈನಸ್ ಹಾಕಿ ಬರೆಯಿರಿ. ಆಮೇಲೆ ಐದು ಕಾಲಂ: ಆರಂಭದ ಬಾಕಿ, ಬಡ್ಡಿ, ಅಸಲು, ಹೆಚ್ಚುವರಿ ಪಾವತಿ, ಕೊನೆಯ ಬಾಕಿ. ಒಂದು ಸಾಲು ಸರಿಯಾಗಿ ಬಂದರೆ ಉಳಿದ 239 ಸಾಲುಗಳನ್ನು ಎಳೆದು ತುಂಬಿಸಬಹುದು. ದರದ ಅಂಕಿಯನ್ನು ಪ್ರತಿ ಸಾಲಿನಲ್ಲೂ ಬೇರೆ ಕಾಲಂ ಮಾಡಿ ಇಟ್ಟರೆ ಮುಂದೆ ದರ ಬದಲಾದಾಗ ಅಲ್ಲಿಂದ ಕೆಳಗೆ ತಿದ್ದಿದರೆ ಸಾಕು. ಬ್ಯಾಂಕು ದಿನದ ಲೆಕ್ಕದಲ್ಲಿ ಬಡ್ಡಿ ಹಾಕಿದರೆ ನಿಮ್ಮ ಪಟ್ಟಿಗೂ ಅವರ ಸ್ಟೇಟ್‌ಮೆಂಟಿಗೂ ಅಲ್ಪಸ್ವಲ್ಪ ವ್ಯತ್ಯಾಸ ಬರುತ್ತದೆ. ಸಾವಿರಗಳಲ್ಲಿ ವ್ಯತ್ಯಾಸ ಬಂದರೆ ಶಾಖೆಗೆ ಹೋಗಿ ಕೇಳಿ.

‘ಫ್ಲಾಟ್ 5%’ ಎಂದು ಯಾರಾದರೂ ಹೇಳಿದರೆ ಹಿಗ್ಗಬೇಡಿ. ಪೂರ್ತಿ ಅಸಲಿನ ಮೇಲೆ ಇಪ್ಪತ್ತು ವರ್ಷವೂ ಬಡ್ಡಿ ಹಾಕುವ ಆ ಲೆಕ್ಕ, ಇಳಿಕೆ ಬಾಕಿಯ ಲೆಕ್ಕದಲ್ಲಿ ಹೆಚ್ಚುಕಡಿಮೆ 8%ಗೆ ಸಮ.

ಕಂತು ಕಡಿಮೆ ಎಂದರೆ ಸಾಲ ಅಗ್ಗವಲ್ಲ

ಅದೇ 50 ಲಕ್ಷ, ಅದೇ 8.5%. 15 ವರ್ಷಕ್ಕೆ ಕಂತು 49,237, ಒಟ್ಟು ಬಡ್ಡಿ 38.6 ಲಕ್ಷ. 30 ವರ್ಷಕ್ಕೆ ಕಂತು 38,446, ಒಟ್ಟು ಬಡ್ಡಿ 88.4 ಲಕ್ಷ. 20ರಿಂದ 30 ವರ್ಷಕ್ಕೆ ಹೋದರೆ ತಿಂಗಳಿಗೆ ಉಳಿಯುವುದು ಐದು ಸಾವಿರಕ್ಕೂ ಒಳಗೆ, ಹೆಚ್ಚುವ ಬಡ್ಡಿ 34 ಲಕ್ಷ.

ಹಾಗೆಂದು ಉಸಿರು ಕಟ್ಟುವಷ್ಟು ದೊಡ್ಡ ಕಂತು ಹಾಕಿಕೊಳ್ಳುವುದೂ ಜಾಣತನವಲ್ಲ. ಕೆಲಸ ಹೋದ ತಿಂಗಳು ಕಂತು ತಪ್ಪಿದರೆ ದಂಡದ ಶುಲ್ಕದ ಜೊತೆಗೆ ಸಾಲ ತೀರಿಸುವ ಶಿಸ್ತನ್ನು ಅಳೆಯುವ ಸಿಬಿಲ್ ಅಂಕವೂ ಕೆಡುತ್ತದೆ. ಆದಾಯ ಏರಿಳಿಯುವವರು 20 ವರ್ಷಕ್ಕೇ ಸಾಲ ತೆಗೆದು, ಕೈಯಲ್ಲಿ ಹಣ ಇದ್ದಾಗ ಹೆಚ್ಚು ಕಟ್ಟುವುದು ವಾಸಿ.

ಇನ್ನೊಂದು ಮಾತು. 20 ವರ್ಷದ ಕಂತುಗಳನ್ನೆಲ್ಲ ಕೂಡಿಸಿ ಬರುವ ಕೋಟಿಯ ಅಂಕಿ ಸ್ವಲ್ಪ ಹೆಚ್ಚಾಗಿಯೇ ಹೆದರಿಸುತ್ತದೆ. ಬೆಲೆಯೇರಿಕೆ ವರ್ಷಕ್ಕೆ 5% ಎಂದುಕೊಂಡರೆ ಇಪ್ಪತ್ತನೇ ವರ್ಷದ 43,391 ರೂಪಾಯಿಗೆ ಇವತ್ತಿನ ಬೆಲೆ 16 ಸಾವಿರ ಚಿಲ್ಲರೆ. ಆದ್ದರಿಂದ ಒಟ್ಟು ಮೊತ್ತವನ್ನು ಎರಡು ಸಾಲಗಳನ್ನು ಪಕ್ಕದಲ್ಲಿಟ್ಟು ಹೋಲಿಸಲು ಬಳಸಿ, ಮನೆ ಕೊಳ್ಳಬೇಕೋ ಬೇಡವೋ ಎಂಬ ತೀರ್ಮಾನಕ್ಕೆ ಅದೊಂದನ್ನೇ ನಂಬಬೇಡಿ.

ದರ ಏರಿದಾಗ ಸದ್ದಿಲ್ಲದೆ ಆಗುವುದು

2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳು ಕೊಡುವ ಹೊಸ ಫ್ಲೋಟಿಂಗ್ (ದರ ಬದಲಾಗುತ್ತಿರುವ) ಗೃಹಸಾಲಗಳು ರೆಪೊದಂಥ, ಅಂದರೆ ರಿಸರ್ವ್ ಬ್ಯಾಂಕ್ ಬ್ಯಾಂಕುಗಳಿಗೆ ಸಾಲ ಕೊಡುವ ದರದಂಥ, ಹೊರಗಿನ ಮಾನದಂಡಕ್ಕೆ ಜೋಡಣೆಯಾಗಿವೆ. ಕನಿಷ್ಠ ಮೂರು ತಿಂಗಳಿಗೊಮ್ಮೆ ದರ ಮರುನಿಗದಿಯಾಗಬೇಕು. ಹೌಸಿಂಗ್ ಫೈನಾನ್ಸ್ ಕಂಪನಿಗಳಿಗೆ ಈ ಕಟ್ಟು ಇಲ್ಲ, ಅವುಗಳದು ತಮ್ಮದೇ ಮೂಲದರ. ರೆಪೊ ಇಳಿದ ತಕ್ಷಣ ಅಲ್ಲಿಯೂ ಇಳಿಯುತ್ತದೆ ಎಂದು ಲೆಕ್ಕ ಹಾಕಬೇಡಿ.

2022ರ ಮೇ ತಿಂಗಳಿಂದ 2023ರ ಫೆಬ್ರವರಿಯೊಳಗೆ ರೆಪೊ 4%ರಿಂದ 6.5%ಗೆ ಏರಿತು. 7%ಗೆ 20 ವರ್ಷಕ್ಕೆ 50 ಲಕ್ಷ ತೆಗೆದಿದ್ದವರ ಕಂತು 38,765. ದರ 9.5% ಆದಾಗ ಬಾಕಿ ಇನ್ನೂ 49.5 ಲಕ್ಷ ಇದ್ದರೆ ತಿಂಗಳ ಬಡ್ಡಿಯೇ 39,188. ಕಂತು ಬದಲಾಗದಿದ್ದರೆ ಪೂರ್ತಿ ಕಟ್ಟಿದ ಮೇಲೂ ಸಾಲ ಬೆಳೆಯುತ್ತಿರುತ್ತದೆ. ಇಂಥ ಕಡೆ ಕಂತನ್ನು ಮುಟ್ಟದೆ ಅವಧಿಯನ್ನಷ್ಟೇ ಎಳೆಯುತ್ತ ಹೋದರೆ ನಿವೃತ್ತಿಯ ವಯಸ್ಸು ದಾಟಿದರೂ ಸಾಲ ಮುಗಿಯುವುದಿಲ್ಲ. ಖಾತೆಯಿಂದ ಕಡಿತವಾಗುವ ಮೊತ್ತ ಮೊದಲಿನಷ್ಟೇ ಇರುವುದರಿಂದ ಗೊತ್ತೂ ಆಗುವುದಿಲ್ಲ.

2023ರ ಆಗಸ್ಟ್ 18ರಂದು ರಿಸರ್ವ್ ಬ್ಯಾಂಕ್ ಇದಕ್ಕೆ ನಿಯಮ ತಂದಿತು. ದರ ಮರುನಿಗದಿಯಾದಾಗ ಕಂತು ಏರಿಸುವುದೋ, ಅವಧಿ ಹೆಚ್ಚಿಸುವುದೋ, ಎರಡನ್ನೂ ಬೆರೆಸುವುದೋ ಎಂಬ ಆಯ್ಕೆ ಸಾಲಗಾರರಿಗೆ ಕೊಡಬೇಕು, ಬಡ್ಡಿಯೇ ಕಂತನ್ನು ಮೀರುವ ಸ್ಥಿತಿ ಬರಬಾರದು. ಈವರೆಗೆ ವಸೂಲಾದ ಅಸಲು, ಬಡ್ಡಿ, ಕಂತಿನ ಮೊತ್ತ, ಉಳಿದ ಕಂತುಗಳ ಸಂಖ್ಯೆ ಇರುವ ಸ್ಟೇಟ್‌ಮೆಂಟನ್ನು ಮೂರು ತಿಂಗಳಿಗೊಮ್ಮೆ ನಿಮಗೆ ಸಿಗುವಂತೆ ಮಾಡಬೇಕು. ಅದು ಬಂದಾಗ ‘ಉಳಿದ ಕಂತುಗಳು’ ಎಂಬ ಸಾಲನ್ನು ಮೊದಲು ನೋಡಿ. ಕಳೆದ ಬಾರಿಗಿಂತ ಮೂರು ಕಡಿಮೆ ಇರಬೇಕು. ಹೆಚ್ಚಿದ್ದರೆ ದರ ಏರಿದೆ, ಹೊರೆಯನ್ನು ಅವಧಿಗೆ ತಳ್ಳಿದ್ದಾರೆ ಎಂದರ್ಥ.

ದರ ಇಳಿದಾಗ ಉಲ್ಟಾ ಮಾಡಿ. 2025ರಲ್ಲಿ ಫೆಬ್ರವರಿ, ಏಪ್ರಿಲ್, ಜೂನ್‌ನಲ್ಲಿ ರೆಪೊ ಒಟ್ಟು ಒಂದು ಪರ್ಸೆಂಟ್ ಇಳಿದು 5.5%ಗೆ ಬಂತು. ನಮ್ಮ 8.5%ರ ಸಾಲ ಶುರುವಿನಲ್ಲೇ 7.5% ಆಯಿತು ಎಂದುಕೊಳ್ಳಿ. ಕಂತನ್ನು 40,280ಕ್ಕೆ ಇಳಿಸಿಕೊಂಡರೆ 240 ತಿಂಗಳೂ ಕಟ್ಟಬೇಕು. ಹಳೆಯ 43,391ನ್ನೇ ಮುಂದುವರಿಸಿದರೆ 205 ತಿಂಗಳಿಗೆ ಮುಗಿಯುತ್ತದೆ, ಸುಮಾರು 8 ಲಕ್ಷ ಉಳಿಯುತ್ತದೆ. ಆ ಮೂರು ಸಾವಿರ ಇಲ್ಲದೆ ಬದುಕಲು ಹೇಗೂ ರೂಢಿಯಾಗಿರುತ್ತದೆ.

ಹಳೆಯ ಗ್ರಾಹಕರಿಗೆ ಹೊಸಬರಿಗಿಂತ ಹೆಚ್ಚು ದರ ಇರುವುದು ಮಾಮೂಲು. ರೆಪೊ ಮೇಲೆ ಬ್ಯಾಂಕು ಸೇರಿಸುವ ಸ್ಪ್ರೆಡ್ ಇದಕ್ಕೆ ಕಾರಣ. ವರ್ಷಕ್ಕೊಮ್ಮೆ ನಿಮ್ಮ ಬ್ಯಾಂಕಿನ ಹೊಸ ಸಾಲದ ದರ ನೋಡಿ, ಅಂತರ ಇದ್ದರೆ ದರ ಪರಿವರ್ತನೆಗೆ ಅರ್ಜಿ ಕೊಡಿ. ಶುಲ್ಕ ಕೇಳಬಹುದು, ಆದರೆ 20 ವರ್ಷದ 50 ಲಕ್ಷಕ್ಕೆ ಅರ್ಧ ಪರ್ಸೆಂಟ್ ಎಂದರೆ 3.8 ಲಕ್ಷ. ಬೇರೆ ಬ್ಯಾಂಕಿಗೆ ವರ್ಗಾಯಿಸುವುದಾದರೆ ಪ್ರೊಸೆಸಿಂಗ್, ಕಾನೂನು ಪರಿಶೀಲನೆ, ಮೌಲ್ಯಮಾಪನ, ಹಕ್ಕುಪತ್ರ ಠೇವಣಿಯ (ಮನೆಯ ಮೂಲ ಪತ್ರಗಳನ್ನು ಬ್ಯಾಂಕಿಗೆ ಅಡ ಇಡುವುದರ) ಮುದ್ರಾಂಕ ಶುಲ್ಕ ಎಲ್ಲವನ್ನೂ ಮತ್ತೆ ಕಟ್ಟಬೇಕು. ಅವಧಿಯ ಅರ್ಧ ಕಳೆದ ಮೇಲೆ ಅದು ಗಿಟ್ಟುವುದು ಅಪರೂಪ.

ಸಾಲದೊಳಗೆ ನುಸುಳುವ ಖರ್ಚು, ಕೈಯಿಂದಲೇ ಹೋಗುವ ಖರ್ಚು

2024ರ ಅಕ್ಟೋಬರ್ 1ರಿಂದ ಹೊಸ ಗೃಹಸಾಲಕ್ಕೆ ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್, ಅಂದರೆ ಸಾಲದ ಮುಖ್ಯ ವಿವರಗಳ ಪತ್ರ, ಕೊಡುವುದು ಕಡ್ಡಾಯ. ನಿಮಗೆ ಅರ್ಥವಾಗುವ ಭಾಷೆಯಲ್ಲಿ ಇರಬೇಕೆಂಬುದು ನಿಯಮ, ಕನ್ನಡದಲ್ಲೇ ಕೇಳಿ. ಅದರಲ್ಲಿ ಎಪಿಆರ್ ಎಂಬ ಅಂಕಿ ಇರುತ್ತದೆ: ಬಡ್ಡಿಯ ಜೊತೆಗೆ ಪ್ರೊಸೆಸಿಂಗ್ ಶುಲ್ಕ, ಬ್ಯಾಂಕಿನ ಮೂಲಕ ವಸೂಲಾಗುವ ವಿಮೆ, ಕಾನೂನು ಶುಲ್ಕ ಎಲ್ಲ ಸೇರಿದ ವಾರ್ಷಿಕ ದರ. ಎರಡು ಬ್ಯಾಂಕುಗಳನ್ನು ಹೋಲಿಸುವಾಗ ಜಾಹೀರಾತಿನ ದರ ಬಿಟ್ಟು ಇದನ್ನು ಹೋಲಿಸಿ. ಈ ಪತ್ರದಲ್ಲಿ ಇಲ್ಲದ ಶುಲ್ಕವನ್ನು ನಿಮ್ಮ ಸ್ಪಷ್ಟ ಒಪ್ಪಿಗೆ ಇಲ್ಲದೆ ಹಾಕುವಂತಿಲ್ಲ.

ಅದರಲ್ಲಿ ವಿಮೆಯ ಸಾಲನ್ನು ವಿಶೇಷವಾಗಿ ನೋಡಿ. ಒಂದೇ ಕಂತಿನ ಪ್ರೀಮಿಯಂ ಒಂದೂವರೆ ಲಕ್ಷವನ್ನು ಸಾಲಕ್ಕೇ ಸೇರಿಸಿದರೆ ಅದಕ್ಕೂ 20 ವರ್ಷ ಬಡ್ಡಿ. ಕೊನೆಗೆ ಅದು 3.12 ಲಕ್ಷ. ವಿಮೆ ಬೇಡವೆನ್ನುತ್ತಿಲ್ಲ, ಮನೆ ನಡೆಸುವವರು ಇಲ್ಲವಾದರೆ ಸಾಲ ಉಳಿದವರ ತಲೆಗೆ ಬರುತ್ತದೆ. ಆದರೆ ಬ್ಯಾಂಕು ಹೇಳಿದ ಕಂಪನಿಯದೇ ಆಗಬೇಕೆಂಬ ಕಾನೂನು ಇಲ್ಲ. ಪ್ರತ್ಯೇಕ ಟರ್ಮ್ ಪಾಲಿಸಿಯ ದರ ಕೇಳಿ, ಆಮೇಲೆ ಸಹಿ ಹಾಕಿ.

ನೋಂದಣಿ ಖರ್ಚನ್ನು ಬಹಳ ಜನ ಮರೆತು ಕೊನೆಗೆ ಚಿನ್ನ ಅಡ ಇಡುತ್ತಾರೆ. 30 ಲಕ್ಷದಿಂದ 75 ಲಕ್ಷದವರೆಗಿನ ಸಾಲಕ್ಕೆ ಬ್ಯಾಂಕು ಮನೆಯ ಬೆಲೆಯ 80% ಮಾತ್ರ ಕೊಡಬಹುದು, ಆ ಬೆಲೆಗೆ ಮುದ್ರಾಂಕ, ನೋಂದಣಿ ಸೇರುವುದಿಲ್ಲ. ಕರ್ನಾಟಕದ ನಗರಗಳಲ್ಲಿ 45 ಲಕ್ಷ ಮೀರಿದ ಮನೆಗೆ ಮುದ್ರಾಂಕ 5%, ಅದರ ಮೇಲಿನ ಸೆಸ್ ಮತ್ತು ಸರ್‌ಚಾರ್ಜ್ ಸೇರಿ 5.6%. 2025ರ ಆಗಸ್ಟ್ 31ರಿಂದ ನೋಂದಣಿ ಶುಲ್ಕ 2% ಆಗಿದೆ. ಒಟ್ಟು 7.6%, ಅಂದರೆ 65 ಲಕ್ಷಕ್ಕೆ 4.94 ಲಕ್ಷ. ನಿಮ್ಮ ಪಾಲಿನ 15 ಲಕ್ಷದ ಜೊತೆ ಇದನ್ನೂ ನಗದಾಗಿ ಇಟ್ಟುಕೊಳ್ಳಬೇಕು. ಕಟ್ಟುತ್ತಿರುವ ಫ್ಲಾಟಾದರೆ ಇನ್ನೂ 5% ಜಿಎಸ್‌ಟಿ, ಓಸಿ (ವಾಸಕ್ಕೆ ಯೋಗ್ಯ ಎಂಬ ಪ್ರಮಾಣಪತ್ರ) ಬಂದ ಮೇಲೆ ಕೊಂಡರೆ ಅದು ಇಲ್ಲ.

ಕಟ್ಟುತ್ತಿರುವ ಮನೆಗೆ ಪ್ರಿ-ಇಎಂಐ, ಅಂದರೆ ಪೂರ್ಣ ಕಂತು ಶುರುವಾಗುವ ಮೊದಲು ಕಟ್ಟುವ ಬರೀ ಬಡ್ಡಿ, ಎಂಬ ಇನ್ನೊಂದು ಹೊರೆ. ಬ್ಯಾಂಕು 30 ಲಕ್ಷ ಬಿಡುಗಡೆ ಮಾಡಿದ ಮೇಲೆ ಕಟ್ಟಡ 18 ತಿಂಗಳು ತಡವಾದರೆ ತಿಂಗಳಿಗೆ 21,250ರಂತೆ 3.8 ಲಕ್ಷ ಬರೀ ಬಡ್ಡಿಗೆ ಹೋಗುತ್ತದೆ, ಅಸಲು ಒಂದು ರೂಪಾಯಿಯೂ ಇಳಿಯದು. ಈಗಿನ ಬಾಡಿಗೆಯನ್ನೂ ಕಟ್ಟುತ್ತಲೇ ಇರುತ್ತೀರಿ. ಸಾಧ್ಯವಾದರೆ ಮೊದಲ ಬಿಡುಗಡೆಯಿಂದಲೇ ಪೂರ್ಣ ಕಂತು ಶುರು ಮಾಡಿಸಿ.

ನಿರ್ವಹಣೆ ಸಾಲದ ಲೆಕ್ಕವಲ್ಲ, ಆದರೆ ಅದೇ ಸಂಬಳದಿಂದ ಹೋಗುವುದು. 1,200 ಚದರಡಿಗೆ 4 ರೂಪಾಯಿಯಂತೆ ವರ್ಷಕ್ಕೆ 57,600. ವರ್ಷಕ್ಕೆ 6% ಏರಿದರೆ 20 ವರ್ಷಕ್ಕೆ 21 ಲಕ್ಷ. ಆಸ್ತಿ ತೆರಿಗೆ ಬೇರೆ.

ಹೆಚ್ಚುವರಿ ಪಾವತಿ: ಯಾವಾಗ, ಹೇಗೆ

ಎಲ್ಲಕ್ಕಿಂತ ಹೆಚ್ಚು ಉಳಿಸುವ ದಾರಿ ಇದು. ವ್ಯಕ್ತಿಗಳು ಮನೆಗಾಗಿ ತೆಗೆದ ಫ್ಲೋಟಿಂಗ್ ಸಾಲಕ್ಕೆ ಮುಂಚಿತ ಪಾವತಿಯ ದಂಡ ಹಾಕುವಂತಿಲ್ಲ.

5 ಲಕ್ಷವನ್ನು ಮೊದಲ ವರ್ಷದ ಕೊನೆಗೆ ಕಟ್ಟಿದರೆ ಸಾಲ ನಾಲ್ಕು ವರ್ಷ ಮೊದಲೇ ಮುಗಿಯುತ್ತದೆ, ಬಡ್ಡಿಯಲ್ಲಿ ಸುಮಾರು 16 ಲಕ್ಷ ಉಳಿಯುತ್ತದೆ. ಅದೇ 5 ಲಕ್ಷವನ್ನು ಹನ್ನೆರಡನೇ ವರ್ಷದ ಕೊನೆಗೆ ಕಟ್ಟಿದರೆ ಉಳಿಯುವುದು 4.2 ಲಕ್ಷ. ದೊಡ್ಡ ಮೊತ್ತ ಇಲ್ಲದಿದ್ದರೆ ವರ್ಷಕ್ಕೊಂದು ಕಂತು ಹೆಚ್ಚು ಕಟ್ಟಿ. ಸಾಲ 16 ವರ್ಷ 9 ತಿಂಗಳಿಗೆ ತೀರುತ್ತದೆ, ಉಳಿತಾಯ ಸುಮಾರು 10.3 ಲಕ್ಷ. ಇದಕ್ಕೆ ಮೊದಲು ಆರು ತಿಂಗಳ ಖರ್ಚನ್ನು ಬೇರೆ ಎತ್ತಿಡಿ. ಸಾಲಕ್ಕೆ ಕಟ್ಟಿದ ಹಣ ಆಸ್ಪತ್ರೆಗೆ ಬೇಕಾದಾಗ ವಾಪಸು ಬರುವುದಿಲ್ಲ.

ಎಫ್‌ಡಿಯಲ್ಲಿಟ್ಟರೆ ಹೇಗೆ ಎಂದು ಕೇಳುವವರಿಗೆ: 7%ರ ಎಫ್‌ಡಿ, 30% ತೆರಿಗೆ ಸ್ಲ್ಯಾಬಿನಲ್ಲಿ ಇರುವವರಿಗೆ ಕೈಗೆ ಸಿಗುವುದು 4.8%. ಸಾಲ ತೀರಿಸಿದರೆ ಉಳಿಯುವುದು ಪೂರ್ತಿ 8.5%.

ತಪ್ಪುವುದು ಎಲ್ಲಿ ಎಂದರೆ, ಹಣ ಕಟ್ಟಿ ಸುಮ್ಮನಾಗುವುದರಲ್ಲಿ. ಆ ಹಣ ಮುಂದಿನ ಕಂತುಗಳ ಮುಂಗಡವಾಗಿ ಜಮೆಯಾಗಿರಬಹುದು, ಇಲ್ಲವೇ ಅವಧಿ ಹಾಗೇ ಇದ್ದು ಕಂತು ಇಳಿದಿರಬಹುದು. ‘ಅಸಲಿಗೆ ಜಮೆ ಮಾಡಿ, ಕಂತು ಹಾಗೇ ಇರಲಿ, ಅವಧಿ ಕಡಿಮೆ ಮಾಡಿ’ ಎಂದು ಬರಹದಲ್ಲಿ ಕೊಡಿ. ವಾರ ಬಿಟ್ಟು ಬಾಕಿ ಅಸಲು ಅಷ್ಟೇ ಇಳಿದಿದೆಯೇ ಎಂದು ನಿಮ್ಮ ಪಟ್ಟಿಯ ಜೊತೆ ತಾಳೆ ನೋಡಿ.

ತೆರಿಗೆ ಉಳಿಯುತ್ತದೆಂದು ಸಾಲ ಇಟ್ಟುಕೊಳ್ಳುವವರಿದ್ದಾರೆ. ಸ್ವಂತ ವಾಸದ ಮನೆಯ ಬಡ್ಡಿಗೆ 2 ಲಕ್ಷದವರೆಗಿನ ವಿನಾಯಿತಿ ಹಳೆಯ ತೆರಿಗೆ ಪದ್ಧತಿಯಲ್ಲಿ ಮಾತ್ರ. ಹೊಸ ಪದ್ಧತಿಯಲ್ಲಿ ಅದಿಲ್ಲ. ಹಳೆಯದರಲ್ಲೂ 30% ಸ್ಲ್ಯಾಬಿನವರಿಗೆ ಉಳಿಯುವುದು ಸೆಸ್ ಸೇರಿ 62,400. ನಮ್ಮ ಉದಾಹರಣೆಯಲ್ಲಿ ಮೊದಲ ವರ್ಷದ ಬಡ್ಡಿ 4.21 ಲಕ್ಷ.

ಕೊನೆಯ ಕಂತಿನ ನಂತರ

ಸಾಲ ತೀರಿದ 30 ದಿನದೊಳಗೆ ಮೂಲ ಪತ್ರಗಳನ್ನು ಹಿಂತಿರುಗಿಸಬೇಕು. ಬ್ಯಾಂಕಿನ ಕಡೆಯಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ ಕೊಡಬೇಕೆಂಬುದು 2023ರ ಡಿಸೆಂಬರ್ 1ರಿಂದ ಜಾರಿಯಲ್ಲಿರುವ ನಿಯಮ. ಸಾಲ ತೆಗೆಯುವಾಗ ಕೊಟ್ಟ ಪತ್ರಗಳ ಪಟ್ಟಿಗೆ ಬ್ಯಾಂಕಿನ ಸೀಲು ಹಾಕಿಸಿ ಇಟ್ಟುಕೊಂಡಿದ್ದರೆ ಈಗ ಒಂದೊಂದಾಗಿ ಎಣಿಸಿ ಪಡೆಯುವುದು ಸುಲಭ. ಬಾಕಿ ಇಲ್ಲ ಎಂಬ ಪತ್ರ ತೆಗೆದುಕೊಳ್ಳಿ, ಖಾತೆಗೆ ಜೋಡಿಸಿದ ಸ್ವಯಂ ಕಡಿತದ ಆದೇಶ ರದ್ದು ಮಾಡಿಸಿ. ಹಕ್ಕುಪತ್ರ ಠೇವಣಿ ನೋಂದಣಿಯಾಗಿದ್ದರೆ ಬ್ಯಾಂಕಿನ ಅಧಿಕಾರಿಯಿಂದ ಬಿಡುಗಡೆ ಪತ್ರವನ್ನೂ ಉಪನೋಂದಣಿ ಕಚೇರಿಯಲ್ಲಿ ನೋಂದಾಯಿಸಬೇಕು. ಇದನ್ನು ಬಿಟ್ಟರೆ ಮನೆ ಮಾರಲು ಹೊರಟ ದಿನ ಇಸಿಯಲ್ಲಿ (ಆಸ್ತಿಯ ಮೇಲಿನ ಋಣಭಾರ ತೋರಿಸುವ ಪ್ರಮಾಣಪತ್ರದಲ್ಲಿ) ತೀರಿದ ಸಾಲವೇ ಮತ್ತೆ ಎದ್ದು ಕೂರುತ್ತದೆ. ನೋಂದಣಿಯಾದ ಮೇಲೆ ನೋಂದಣಿ ಇಲಾಖೆಯ ಕಾವೇರಿ ಪೋರ್ಟಲಿನಲ್ಲಿ ಹೊಸ ಇಸಿ ತೆಗೆದು, ಬಿಡುಗಡೆಯ ನಮೂದು ಬಂದಿದೆಯೇ ಎಂದು ನೋಡಿ ಫೈಲಿಗೆ ಸೇರಿಸಿ.