ನನ್ನ ಕಾದಂಬರಿಗೆ ಒಂದು ಮಾಯಾಲೋಹ ಕಟ್ಟಿದ್ದು ಹೇಗೆ: ನನ್ನ ಅನುಭವ

ಕನ್ನಡದಲ್ಲಿ ಫ್ಯಾಂಟಸಿ ಬರೀಬೇಕು ಅಂತಿರೋರು ಆಗಾಗ ಕೇಳ್ತಿರ್ತಾರೆ, ಮ್ಯಾಜಿಕ್ ಇರೋ ವಸ್ತು ಒಂದನ್ನ ಕಥೆಗೆ ತರೋದು ಹೇಗೆ ಅಂತ. ಸದ್ಯ ಬರೀತಿರೋ ಕಾದಂಬರಿಗೆ ನಾನು ಒಡಗಂಚು ಅನ್ನೋ ಲೋಹನ ಹೇಗೆ ಕಟ್ಟಿದೆ ಅಂತ ಹೇಳ್ತೀನಿ, ಯಾರಿಗಾದ್ರೂ ಉಪಯೋಗಕ್ಕೆ ಬರಬಹುದು. ನಾನು ಹಿಡಿದ ದಾರಿ ಇಷ್ಟೇ: ಲೋಹಕ್ಕೆ ಒಂದೇ ಒಂದು ಗುಣ ಕೊಡೋದು, ಆಮೇಲೆ ಆ ಗುಣದಿಂದ ಯಾರಿಗೆ ಲಾಭ, ಯಾರು ಅದಕ್ಕೆ ಬೆವರು ಸುರಿಸ್ತಾರೆ ಅಂತ ಹುಡುಕ್ತಾ ಹೋಗೋದು.

ಒಡಗಂಚಿನ ಗುಣ ಏನಪ್ಪಾ ಅಂದ್ರೆ, ಒಂದೇ ಗಟ್ಟಿಯಿಂದ ಕಡಿದ ಎರಡು ತುಂಡು ಎಷ್ಟೇ ದೂರ ಇದ್ರೂ ಒಂದರ ಬಿಸಿ ಇನ್ನೊಂದಕ್ಕೆ ಮುಟ್ಟುತ್ತೆ, ತಣುಪೂ ಅಷ್ಟೇ. ಬೇರೆ ಗಟ್ಟಿ ಜೊತೆ ಸೇರಿಸಿ ಕರಗಿಸಿದ್ರೆ ಆ ನಂಟು ಕಳಚಿಹೋಗುತ್ತೆ. ಇಲ್ಲೇ ನಾನು ಒಂದು ಕಟ್ಟುನಿಟ್ಟು ಹಾಕ್ಕೊಂಡೆ, ಬಿಸಿ ಪುಕ್ಕಟೆ ಹುಟ್ಟಬಾರದು, ಎರಡು ತುಂಡೂ ಅದನ್ನ ಹಂಚ್ಕೋಬೇಕು. ಅಂದ್ರೆ ಒಂದನ್ನ ಕಾಯಿಸೋಕೆ ಎರಡರಷ್ಟು ಸೌದೆ ಬೇಕು. ಅಷ್ಟು ಬರೆದ ತಕ್ಷಣ ಕಥೆಗೆ ಕಾಡು ಬಂತು, ಇದ್ದಿಲು ಸುಡೋರು ಬಂದ್ರು, ಕಾಡಿನ ಒಡೆತನದ ಜಗಳ ಬಂತು. ನಮ್ಮ ದಕ್ಷಿಣ ಭಾರತದ ಹಳೇ ಉಕ್ಕಿನ ಬಗ್ಗೆ ಓದಿದ್ದು ಇಲ್ಲಿ ಕೈ ಹಿಡೀತು. ಕಬ್ಬಿಣದ ಜೊತೆ ಮರದ ಚೂರು, ಎಲೆ ಎಲ್ಲ ಮಣ್ಣಿನ ಮೂಸೆಯೊಳಗೆ ಹಾಕಿ ಬಾಯಿ ಮುಚ್ಚಿ ಗಂಟೆಗಟ್ಟಲೆ ಕುಲುಮೆಲಿ ಕಾಯಿಸ್ತಿದ್ರು, ಅದು ಕರಗಿ ಗಟ್ಟಿಯಾಗಿ ಹೊರಗೆ ಬಂದು ಪರ್ಷಿಯಾ ಕಡೆಗೆಲ್ಲ ಹೋಗ್ತಿತ್ತು. ಕತ್ತಿ ಬಗ್ಗೆ ಎಲ್ಲರೂ ಬರೀತಾರೆ, ತಿದಿ ಒತ್ತಿದೋರ ಬಗ್ಗೆ ಬರೆಯೋರು ಕಮ್ಮಿ. ನನಗೆ ಅವರೇ ಮುಖ್ಯ ಅನ್ಸಿದ್ದು.

ಗಣಿ ಬರೆಯೋವಾಗ ಕಣ್ಣ ಮುಂದೆ ಇದ್ದಿದ್ದು ಕೆಜಿಎಫ್, ಅಂದ್ರೆ ಕೋಲಾರದ ಚಿನ್ನದ ಗಣಿ. 1902ರಲ್ಲಿ ಶಿವನಸಮುದ್ರದಿಂದ ಅಲ್ಲಿಗೆ ಕರೆಂಟ್ ಹೋಯ್ತು, ಬೆಂಗಳೂರಿನ ಬೀದಿ ದೀಪಕ್ಕೆ ಬಂದಿದ್ದು 1905ರಲ್ಲಿ. ಅಲ್ಲಿನ ಚಾಂಪಿಯನ್ ರೀಫ್ ಅನ್ನೋ ಗಣಿ ಮೂರು ಕಿಲೋಮೀಟರಿಗಿಂತ ಆಳ ಇಳಿದಿತ್ತು, ಕೆಳಗೆ ಬಂಡೆ ಸಿಡಿದು ಜನ ಸಾಯೋದು ಆ ಊರಿನ ಬದುಕಿನ ಭಾಗವೇ ಆಗಿತ್ತು, ಕೊನೆಗೆ 2001ರಲ್ಲಿ ಗಣಿ ಮುಚ್ಚಿದ್ರು. ಲೋಹ ಇರೋ ಕಡೆಗೆ ಬೆಳಕು ಮೊದಲು ಹೋಗುತ್ತೆ, ಲೋಹ ಮುಗಿದ ಮೇಲೆ ಜನ ಅಲ್ಲೇ ಉಳೀತಾರೆ ಅನ್ನೋದು ನನ್ನ ಗಣಿ ಊರಿನ ಅಡಿಪಾಯ. ಅಲ್ಲಿ ಇನ್ನೊಂದು ವಿಷಯ ಸೇರಿಸಿದೆ, ನೆಲದೊಳಗಿನ ಅದಿರು ಕಡಿಯೋ ತನಕ ಒಂದೇ ತುಂಡು ತಾನೇ, ಹಾಗಾಗಿ ಒಂದು ಕಡೆ ಬೆಂಕಿ ಬಿದ್ರೆ ಮೈಲಿ ದೂರದ ಸುರಂಗದಲ್ಲಿ ಗೋಡೆ ಬೆಚ್ಚಗಾಗುತ್ತೆ, ಗಣಿಯವರು ಗೋಡೆಗೆ ಬೆನ್ನು ಕೊಟ್ಟು ಕೂತೇ ಅಪಾಯ ತಿಳ್ಕೋತಾರೆ.

ಮೈಯಿಂದ ಲೋಹ ಓದೋ ಈ ಐಡಿಯಾ ಬಂದಿದ್ದು ಬೀದರ್‌ನಿಂದ. ಲೋಹದ ಪಾತ್ರೆ ಮೇಲೆ ಬೆಳ್ಳಿ ಕೂರಿಸೋ ಬಿದ್ರಿ ಕೆಲಸ ನೋಡೋಕೆ ಹೋಗಿದ್ದೆ. ಸತು ಜಾಸ್ತಿ, ತಾಮ್ರ ಸ್ವಲ್ಪ ಸೇರಿಸಿ ಎರಕ ಹೊಯ್ದ ಹೂಜಿ ಬೂದು ಬಣ್ಣಕ್ಕೆ ಇರುತ್ತೆ, ಬೆಳ್ಳಿ ಕೂರಿಸಿದ್ದೂ ಸರಿಯಾಗಿ ಕಾಣಲ್ಲ, ಬೀದರ್ ಕೋಟೆಯ ಮಣ್ಣು ಮತ್ತು ನವಸಾಗರ ಅನ್ನೋ ಒಂಥರಾ ಉಪ್ಪು ಕಲಸಿದ ನೀರಲ್ಲಿ ಬಿಸಿ ಮಾಡಿ ಉಜ್ಜಿದಾಗ ಮೈ ಕಪ್ಪಾಗಿ ಬೆಳ್ಳಿ ಮಾತ್ರ ಬೆಳ್ಳಗೆ ಉಳ್ಕೊಳುತ್ತೆ. ಆ ಮಣ್ಣು ಸರಿ ಇದೆಯಾ ಅಂತ ನಾಲಿಗೆಗೆ ಇಟ್ಟು ನೋಡ್ತಾರೆ. ಎಂಥ ವಿದ್ಯೆ ಅದು! ಅಲ್ಲಿಂದ ನನ್ನ ಕಥೆಗೆ ಬಿಸಿಮನೆಗಳು ಬಂದವು, ಅಂದ್ರೆ ಅಂಚೆ ಮನೆಗಳು. ಅಲ್ಲಿ ಹೆಂಗಸರು ಒಡಗಂಚಿನ ಬಿಲ್ಲೆ ಅಂಗೈಲಿ ಹಿಡ್ಕೊಂಡು ಬಿಸಿ, ತಣ್ಣಗೆ, ಬಿಸಿ ಅಂತ ಬರೋ ಸುದ್ದಿನ ಓದ್ತಾರೆ. ವರ್ಷಗಳು ಕಳೆದಂತೆ ಅಂಗೈ ಜಡ್ಡುಗಟ್ಟುತ್ತೆ, ಆಮೇಲೆ ಮೊಣಕೈ ಒಳಗಡೆ ಇಟ್ಕೊಂಡು ಓದ್ತಾರೆ, ಅದೂ ಆಗದಿದ್ದಾಗ ಕೆಲಸದಿಂದ ತೆಗೀತಾರೆ, ಪೆನ್ಷನ್ ಇಲ್ಲ. ರಾಜ್ಯದ ಎಲ್ಲ ಗುಟ್ಟೂ ಗೊತ್ತಿರೋ, ಕೈಲಿ ಕಾಸಿಲ್ಲದ ಮುದುಕಿಯರು ಊರ್ತುಂಬ ಇದ್ರೆ ಏನಾಗಬಹುದು ಯೋಚ್ನೆ ಮಾಡಿ, ನನ್ನ ಮೊದಲ ಭಾಗದ ದಂಗೆ ಶುರುವಾಗೋದೇ ಅವರಿಂದ.

ಯುದ್ಧಕ್ಕಿಂತ ಹೆಚ್ಚು ಹೊತ್ತು ನಾನು ಕೂತಿದ್ದು ಮನೆಯೊಳಗೆ. ಮದುವೆಯಾಗಿ ಹೋಗೋ ಮಗಳ ಸೊಂಟಕ್ಕೆ ಅರ್ಧ ತುಂಡು ಕಟ್ತಾರೆ, ಉಳಿದರ್ಧ ತವರಲ್ಲಿ ತಾಯಿ ಹತ್ರ. ಮೈ ಬಿಸಿಗೆ ಅದು ಯಾವಾಗ್ಲೂ ಉಗುರುಬೆಚ್ಚಗಿರುತ್ತೆ, ಕಷ್ಟ ಬಂದ್ರೆ ಒಲೆಗೆ ಹಾಕಿದ್ರೆ ಸಾಕು, ತವರಿಗೆ ಗೊತ್ತಾಗುತ್ತೆ. ನನ್ನ ಕಥೇಲಿ ಗಂಡನ ಮನೆಯವರು ಆ ತುಂಡು ಕಿತ್ಕೊಂಡು ನೀರಿನ ಹಂಡೆಗೆ ಹಾಕ್ತಾರೆ. ಇಲ್ಲಿ ತಾಯಿ ಬೆಳಿಗ್ಗೆ ಎದ್ದು ಮುಟ್ಟಿ ನೋಡ್ತಾಳೆ, ತಣ್ಣಗಿದೆ. ಸತ್ತಳೋ, ಕಳ್ಕೊಂಡಳೋ ಅಂತ ಅತ್ತು, ಮಧ್ಯಾಹ್ನ ಮತ್ತೆ ಮುಟ್ತಾಳೆ, ಹೊರಗೆ ಸುಡುಬಿಸಿಲು ಇದ್ರೂ ಅದೇ ತಣುಪು. ನೀರಲ್ಲಿ ಇಟ್ಟಿದಾರೆ ಅಂತ ಅವಳಿಗೆ ಅರ್ಥ ಆಗುತ್ತೆ. "ಗಾಡಿ ಕಟ್ಟೋ, ನಿನ್ನ ಅಕ್ಕನ್ನ ಕರ್ಕೊಂಡು ಬರೋಣ" ಅಂತಾಳೆ ಮಗನಿಗೆ. ಲೋಹದ ನಿಯಮ ಗಟ್ಟಿ ಇದ್ದಿದ್ರಿಂದಲೇ ಆ ಸೀನ್‌ಗೆ ಒಂದು ಸಾಲು ವಿವರಣೆನೂ ಬೇಕಾಗ್ಲಿಲ್ಲ.

ಈಗ ಎರಡನೇ ಭಾಗ ನಡೀತಿದೆ, ಅದಕ್ಕೆ ದಾರಿ ತೋರಿಸಿದ್ದು ಅಲ್ಯೂಮಿನಿಯಂ. 1884ರಲ್ಲಿ ಅಮೆರಿಕದ ವಾಷಿಂಗ್ಟನ್ ಸ್ಮಾರಕದ ತುದಿಗೆ ಗೌರವದಿಂದ ಕೂರಿಸಿದ ಲೋಹ ಅದು, ಆಗ ಹೆಚ್ಚುಕಮ್ಮಿ ಬೆಳ್ಳಿ ರೇಟು. 1886ರಲ್ಲಿ ಅಮೆರಿಕದ ಹಾಲ್ ಮತ್ತು ಫ್ರಾನ್ಸಿನ ಎರೂ ಅನ್ನೋ ಇಬ್ಬರು ಬೇರೆ ಬೇರೆಯಾಗಿ ಕರೆಂಟಿನಿಂದ ಅದನ್ನ ತೆಗೆಯೋ ದಾರಿ ಕಂಡುಹಿಡಿದ್ರು, ಬೆಲೆ ಪಾತಾಳಕ್ಕೆ ಬಿತ್ತು, ಕಾಲಕ್ರಮೇಣ ನಮ್ಮ ಅಡುಗೆಮನೆ ಪಾತ್ರೆಯಾಯ್ತು. ಒಡಗಂಚೂ ಹಾಗೇ ಅಗ್ಗ ಆದ್ರೆ, ಪ್ರತಿ ಕೂಲಿಯವಳ ಸೊಂಟದಲ್ಲೂ ಒಂದು ತುಂಡು ಬಂದ್ರೆ, ಬಿಸಿಮನೆಗಳ ಮೇಲೆ ನಿಂತಿದ್ದ ಅರಮನೆ ಏನು ಮಾಡುತ್ತೆ? ನಾನು ಬರೀತಿರೋ ಪ್ರಕಾರ ಮೊದಲು ತೆರಿಗೆ ಹಾಕುತ್ತೆ, ಆಮೇಲೆ ಎಲ್ಲ ತುಂಡಿಗೂ ಮುದ್ರೆ ಹೊಡೆಸ್ಕೋಬೇಕು ಅಂತ ಡಂಗುರ ಸಾರುತ್ತೆ, ಮುದ್ರೆ ಹೊಡೆಯೋ ನೆಪದಲ್ಲಿ ಒಂದು ಚೂರು ಕಡಿದು ತನ್ನ ಹತ್ರ ಇಟ್ಕೊಳುತ್ತೆ.